ಅರಮನೆಯ ಊರಲ್ಲಿ ನಿಧಾನದ ಒಂದು ದಿನ

ಜಾವಾದಲ್ಲಿ ಸೂರ್ಯ ಬೇಗ ಹುಟ್ಟುತ್ತಾನೆ. ಯೋಗ್ಯಕರ್ತ ನಗರದ ತುಗು ಸ್ತಂಭದ ಬಳಿ ಬೆಳಗಿನ ಆರರೊಳಗೆ ಹೋಗಿ ನಿಂತರೆ, ಮೋಡ ಕವಿಯದ ದಿನಗಳಲ್ಲಿ ಉತ್ತರಕ್ಕೆ ಮೆರಾಪಿ ಜ್ವಾಲಾಮುಖಿ ಸ್ಪಷ್ಟವಾಗಿ ಕಾಣುತ್ತದೆ. ದಕ್ಷಿಣಕ್ಕೆ ತಿರುಗಿದರೆ ಮಾಲಿಯೊಬೊರೊ ಬೀದಿ ನೇರವಾಗಿ ಅರಮನೆಯತ್ತ ಸಾಗುತ್ತದೆ. ಅರಮನೆಯ ಹಿಂದೆ ಪಂಗುಂಗ್ ಕ್ರಪ್ಯಾಕ್ ಎಂಬ ಇಟ್ಟಿಗೆ ಕಟ್ಟಡ, ಅದರಾಚೆ ಹಿಂದೂ ಮಹಾಸಾಗರ. ಬೆಟ್ಟ, ಸ್ತಂಭ, ಅರಮನೆ, ಕಡಲು ಒಂದೇ ಗೆರೆಯಲ್ಲಿ ಇರಬೇಕೆಂದು ಲೆಕ್ಕ ಹಾಕಿಯೇ ಈ ಊರನ್ನು ಕಟ್ಟಿದರು. ಗೆರೆಯ ಮೇಲೆ ತುಗುವಿನಿಂದ ಕ್ರಪ್ಯಾಕ್‌ವರೆಗಿನ ಸುಮಾರು 6 ಕಿಲೋಮೀಟರನ್ನು ಯುನೆಸ್ಕೊ 2023ರ ಸೆಪ್ಟೆಂಬರ್‌ನಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

ಜಾವಾಕ್ಕೆ ಬರುವ ಭಾರತೀಯರಲ್ಲಿ ಹೆಚ್ಚಿನವರು ಬೊರೊಬುದುರ್ ಸ್ತೂಪ ಮತ್ತು ಪ್ರಂಬನಾನ್ ದೇಗುಲ ನೋಡಿ, ಸಂಜೆ ರಾಮಾಯಣದ ನೃತ್ಯಕ್ಕೆ ಕೂತು, ಮರುದಿನ ಬಾಲಿಗೆ ಹಾರುತ್ತಾರೆ. ಅವೆರಡೂ ನೋಡಲೇಬೇಕಾದವು. ಆದರೆ ಸಾವಿರ ವರ್ಷಕ್ಕೂ ಹಿಂದೆ ಅವನ್ನು ಕಟ್ಟಿದ ರಾಜವಂಶಗಳು ಉಳಿದಿಲ್ಲ. ಯೋಗ್ಯಕರ್ತದ ಅರಮನೆಯಲ್ಲಿ ರಾಜ ಈಗಲೂ ಇದ್ದಾನೆ, ಕೆಲಸದವರಿದ್ದಾರೆ, ದಿನವೂ ಚಹಾ ಕುದಿಯುತ್ತದೆ. ಇಂಥ ಜೀವಂತ ಜಾಗಕ್ಕೆ ಹೋಗುವವರು ಹೇಗೆ ಹೋಗಬೇಕು, ಎಷ್ಟು ಹೊತ್ತು ಇರಬೇಕು, ಕೊಡುವ ದುಡ್ಡು ಯಾರ ಕೈಗೆ ಸೇರಬೇಕು? ಸುಸ್ಥಿರ ಪ್ರವಾಸೋದ್ಯಮ ಎಂಬ ದೊಡ್ಡ ಮಾತು ಇಲ್ಲಿ ಈ ಮೂರು ಪ್ರಶ್ನೆಗಳಿಗೆ ಇಳಿಯುತ್ತದೆ. ಸ್ಥಳೀಯ ಮಾರ್ಗದರ್ಶಿಯೊಬ್ಬರನ್ನು ಜೊತೆಗಿಟ್ಟುಕೊಂಡು ಒಂದು ದಿನ ನಡೆದರೆ ಉತ್ತರದ ಬಹುಪಾಲು ಕಾಲಿಗೇ ತಿಳಿಯುತ್ತದೆ.

ದಿನದ ಆಯ್ಕೆಯೂ ಮುಖ್ಯ. ಸೋಮವಾರ ಅರಮನೆಗೆ ರಜೆ, ಉಳಿದ ದಿನಗಳಲ್ಲೂ ಮಧ್ಯಾಹ್ನದ ಹೊತ್ತಿಗೆ ಸಂದರ್ಶಕರಿಗೆ ಬಾಗಿಲು ಹಾಕುತ್ತಾರೆ. ಇಮೊಗಿರಿಯ ರಾಜಸಮಾಧಿಗಳು ವಾರದ ಕೆಲವೇ ದಿನ ತೆರೆದಿರುತ್ತವೆ. ಎರಡನ್ನೂ ಒಂದೇ ದಿನ ನೋಡಬೇಕೆನ್ನುವವರಿಗೆ ಶುಕ್ರವಾರ ಹೊಂದುತ್ತದೆ. ಬೆಳಿಗ್ಗೆ ಅರಮನೆಯಲ್ಲಿ ಮಚಪತ್ ಎಂಬ ಕಾವ್ಯಗಾಯನ, ಮಧ್ಯಾಹ್ನದ ನಮಾಜು ಮುಗಿದ ಮೇಲೆ ಇಮೊಗಿರಿ. ಹೊರಡುವ ಮುನ್ನ ಮಾರ್ಗದರ್ಶಿಯ ಬಳಿ ಸಮಯ ಖಚಿತಪಡಿಸಿಕೊಳ್ಳುವುದು ಒಳ್ಳೆಯದು.

ಇತಿಹಾಸ ಸ್ವಲ್ಪ ತಿಳಿದಿರಲಿ. ಮಧ್ಯ ಜಾವಾವನ್ನು ಆಳುತ್ತಿದ್ದ ಮತಾರಾಮ್ ಸುಲ್ತಾನರ ಮನೆಯಲ್ಲಿ ಅಂತಃಕಲಹ ಹುಟ್ಟಿತು. ಡಚ್ ಈಸ್ಟ್ ಇಂಡಿಯಾ ಕಂಪನಿ ನಡುವೆ ನಿಂತು 1755ರ ಫೆಬ್ರವರಿ 13ರಂದು ಗ್ಯಾಂತಿ ಒಪ್ಪಂದ ಮಾಡಿಸಿತು. ರಾಜ್ಯ ಎರಡಾಯಿತು. ಸುರಕರ್ತ ಮೂರನೆಯ ಪಾಕುಬುವೊನೊಗೆ ಉಳಿಯಿತು, ಯೋಗ್ಯಕರ್ತ ದಂಗೆಯ ನಾಯಕ ಮಂಗ್ಕುಬುಮಿಗೆ ಸಿಕ್ಕಿತು. ಒಂದನೆಯ ಹಮೆಂಗ್ಕು ಬುವೊನೊ ಎಂಬ ಬಿರುದು ಧರಿಸಿದ ಆತ 1756ರಲ್ಲಿ ಹೊಸ ಅರಮನೆಗೆ ಪ್ರವೇಶ ಮಾಡಿದ. ಬೆಟ್ಟದಿಂದ ಕಡಲಿಗೆ ಗೆರೆ ಎಳೆದವನೂ ಆತನೇ.

ತುಗುವಿನ ಈಗಿನ ರೂಪ ಡಚ್ಚರದು. ಮೊದಲಿನದು 25 ಮೀಟರ್ ಎತ್ತರದ ದುಂಡು ಕಂಬ, ನೆತ್ತಿಯ ಮೇಲೆ ಗೋಲ. ಪ್ರಜೆಗಳೂ ರಾಜನೂ ಒಂದು ಎಂಬುದರ ಗುರುತು. 1867ರ ಭೂಕಂಪಕ್ಕೆ ಅದು ಉರುಳಿತು. 1889ರಲ್ಲಿ ಡಚ್ಚರು ಮತ್ತೆ ಕಟ್ಟಿದಾಗ ಎತ್ತರ 15 ಮೀಟರಿಗೆ ಇಳಿಯಿತು, ಗೋಲ ಹೋಗಿ ಚೂಪು ತುದಿ ಬಂತು. ಪ್ರಜೆ ಮತ್ತು ರಾಜನ ಒಗ್ಗಟ್ಟಿನ ಗುರುತು ಅಳಿದುಹೋಗಲಿ ಎಂಬ ಲೆಕ್ಕಾಚಾರ ಇದರ ಹಿಂದಿತ್ತೆಂದು ಊರಿನವರು ಇಂದಿಗೂ ಹೇಳುತ್ತಾರೆ.

ಗೆರೆಯ ಎರಡು ತುದಿಗಳಿಗೆ ಎರಡು ಅರ್ಥ. ಕ್ರಪ್ಯಾಕ್‌ನಿಂದ ಅರಮನೆಯವರೆಗಿನ ದಾರಿ ಹುಟ್ಟಿನಿಂದ ಯೌವನದವರೆಗಿನ ಬದುಕು. ಆ ದಾರಿಯ ಇಕ್ಕೆಲಗಳಲ್ಲಿ ಹುಣಸೆ ಮತ್ತು ಬಕುಲದ ಮರ ನೆಡಿಸಿದ್ದರು. ತುಗುವಿನಿಂದ ಅರಮನೆಯವರೆಗಿನ ದಾರಿ ಮನುಷ್ಯ ಸೃಷ್ಟಿಕರ್ತನ ಕಡೆಗೆ ಮರಳುವ ಹಾದಿ. ಇಸ್ಲಾಂ ಒಪ್ಪಿದ ಅರಸನೊಬ್ಬ ಹಿಂದೂ-ಬೌದ್ಧ ಜಾವಾದಿಂದ ಬಂದ ವಿಶ್ವಕಲ್ಪನೆಯನ್ನೂ ಸೂಫಿ ಚಿಂತನೆಯನ್ನೂ ಬೆರೆಸಿ ರಸ್ತೆಗಳಲ್ಲಿ, ಮರಗಳಲ್ಲಿ ಬರೆದಿಟ್ಟ ಊರು ಇದು. ಬಸ್ಸಿನ ಕಿಟಕಿಯಿಂದ ನೋಡಿದರೆ ಇದೊಂದು ಸಾಧಾರಣ ಪೇಟೆ ಬೀದಿ. ನಡೆದವರಿಗೆ ಮಾತ್ರ ಇದರ ಉದ್ದೇಶ ಗೊತ್ತಾಗುತ್ತದೆ.

ಮಾಲಿಯೊಬೊರೊದಲ್ಲಿ ತಿಂಡಿ. ಇಲ್ಲಿಯ ಗುಡೆಗ್ ಎಳೆ ಹಲಸಿನಕಾಯಿಯನ್ನು ತೆಂಗಿನಹಾಲು, ಬೆಲ್ಲ ಹಾಕಿ ಗಂಟೆಗಟ್ಟಲೆ ಬೇಯಿಸಿದ ಸಿಹಿಪಲ್ಯ. ಕೆಂಗಂದು ಬಣ್ಣಕ್ಕೆ ತೇಗದ ಎಲೆ ಹಾಕುತ್ತಾರೆ. ಸಸ್ಯಾಹಾರಿಗಳು ಒಂದು ಎಚ್ಚರ ವಹಿಸಬೇಕು. ಜೊತೆಗೆ ಬಡಿಸುವ ಕ್ರೆಚೆಕ್ ದನದ ಚರ್ಮದಿಂದ ಮಾಡಿದ್ದು, ಬೇಡವೆಂದು ಮೊದಲೇ ಹೇಳಬೇಕು.

ಈ ಬೀದಿಯ ಪಾದಚಾರಿ ದಾರಿ ಈಗ ಅಗಲವಾಗಿದೆ, ಸ್ವಚ್ಛವಾಗಿದೆ. ಆದರೆ ತಲೆಮಾರುಗಳಿಂದ ಇದೇ ಜಾಗದಲ್ಲಿ ಅಂಗಡಿ ಹರಡುತ್ತಿದ್ದ ಸಾವಿರಕ್ಕೂ ಹೆಚ್ಚು ವ್ಯಾಪಾರಿಗಳನ್ನು 2022ರ ಫೆಬ್ರವರಿಯಲ್ಲಿ ಎಬ್ಬಿಸಿ ಎರಡು ಸಂಕೀರ್ಣಗಳಿಗೆ ಕಳಿಸಿದ ಮೇಲೆ ಬಂದ ಸ್ವಚ್ಛತೆ ಅದು. ಅವರಲ್ಲಿ ಒಂದು ಪಾಲಿನವರು 2025ರ ಆರಂಭದಲ್ಲಿ ಮತ್ತೊಮ್ಮೆ ಜಾಗ ಬದಲಿಸಬೇಕಾಯಿತು. ಬೆಟ್ಟದಿಂದ ಕಡಲಿಗೆ ಎಳೆದ ಗೆರೆಗೆ ಯುನೆಸ್ಕೊ ಮಾನ್ಯತೆ ಸಿಗಲೆಂಬ ಆಸೆಯೂ ಈ ತೆರವಿನ ಹಿಂದೆ ಇತ್ತು. ನನ್ನ ಮಟ್ಟಿಗೆ ಈ ಪ್ರವಾಸದಲ್ಲಿ ಮನಸ್ಸಿಗೆ ಒಗ್ಗದ ಸಂಗತಿ ಇದು. ರಾಜನೂ ಪ್ರಜೆಯೂ ಒಂದೆಂದು ಸಾರಲು ಎಳೆದ ಗೆರೆಯನ್ನು ಉಳಿಸಲು ಪ್ರಜೆಗಳನ್ನೇ ಪಕ್ಕಕ್ಕೆ ಸರಿಸಬೇಕಿತ್ತೆ? ನಡೆಯುವವರು ಹೊಸ ಸಂಕೀರ್ಣಗಳ ಒಳಗೆ ಹೋಗಿ ಅಲ್ಲಿಯೇ ಕೊಳ್ಳುವುದು ಸಣ್ಣ ಕೆಲಸ, ಆದರೆ ಮಾಡಬಹುದಾದ ಕೆಲಸ.

ಅರಮನೆಯನ್ನು ಇಲ್ಲಿ ಕ್ರಾಟನ್ ಎನ್ನುತ್ತಾರೆ. ಎತ್ತರದ ಗೋಪುರ, ಅಮೃತಶಿಲೆಯ ಮಹಡಿ ನಿರೀಕ್ಷಿಸಿ ಹೋದವರಿಗೆ ಮೊದಲು ನಿರಾಸೆ. ಮರಳು ಹಾಸಿದ ಅಂಗಳಗಳು ಒಂದಾದ ಮೇಲೊಂದು, ನಡುವೆ ಕಂಬಗಳ ಮೇಲೆ ನಿಂತ ಗೋಡೆಯಿಲ್ಲದ ಮಂಟಪಗಳು. ಅಂಗಳದ ಕೆಪೆಲ್ ಮರದ ಹಣ್ಣು ಹಿಂದೆ ರಾಜಮನೆತನಕ್ಕೇ ಮೀಸಲು. ಅದನ್ನು ತಿಂದರೆ ಮೈಬೆವರು ಸುವಾಸನೆ ಬೀರುತ್ತದೆ ಎಂಬ ನಂಬಿಕೆಯಿಂದ ಅಂತಃಪುರದ ಹೆಂಗಸರು ತಿನ್ನುತ್ತಿದ್ದರು. ಎದುರಿನ ದೊಡ್ಡ ಬಯಲಿನ ನಡುವೆ ಬೇಲಿ ಕಟ್ಟಿದ ಜೋಡಿ ಆಲದಂಥ ಮರಗಳಿವೆ. ಜಾತಿ ಬೇರೆಯಾದರೂ ಒಂದರ ಹೆಸರು ದೇವದಾರು.

ಕನ್ನಡದ ಓದುಗರು ತಪ್ಪದೆ ಕೇಳಿ ನೋಡಬೇಕಾದ್ದು ದಕ್ಷಿಣ ಭಾಗದ ಬಾಗಿಲ ಬಳಿಯ ಎರಡು ನಾಗಗಳ ಉಬ್ಬುಚಿತ್ರ. ಬಾಲಗಳು ಹೆಣೆದುಕೊಂಡ ಈ ಜೋಡಿನಾಗ ಬರಿಯ ಅಲಂಕಾರ ಎಂದುಕೊಂಡು ಎಷ್ಟೋ ಮಂದಿ ಮುಂದೆ ಹೋಗುತ್ತಾರೆ. ನಿಜದಲ್ಲಿ ಅದು ಒಂದು ಇಸವಿ. ಚಿತ್ರವನ್ನು ದ್ವಿ, ನಾಗ, ರಸ, ತುಂಗಲ್ ಎಂದು ಓದಬೇಕು. ದ್ವಿ ಎಂದರೆ 2, ನಾಗ 8, ರಸ 6, ಜಾವಾ ಭಾಷೆಯ ತುಂಗಲ್ ಎಂದರೆ 1. ಬಲದಿಂದ ಎಡಕ್ಕೆ ಬರೆದುಕೊಂಡರೆ 1682. ಜಾವಾ ಪಂಚಾಂಗದ 1682 ಅಂದರೆ ಕ್ರಿಸ್ತಶಕ 1756, ಅರಮನೆಗೆ ಪ್ರವೇಶವಾದ ವರ್ಷ. ನಮ್ಮ ಶಾಸನಗಳಲ್ಲೂ ಹಸ್ತಪ್ರತಿಗಳಲ್ಲೂ ಕಾಲ ಹೇಳಲು ಬಳಸಿದ ಭೂತಸಂಖ್ಯೆಯ ಕ್ರಮವೇ ಇದು. ಅಲ್ಲೂ ರಸ ಆರು, ನಾಗ ಎಂಟು, ಓದುವುದು ಹಿಂದುಮುಂದಾಗಿ. ಆ ಪಂಚಾಂಗದ ಬೇರು ಕೂಡ ನಮಗೆ ಪರಿಚಿತವೇ. ಮತಾರಾಮ್‌ನ ಸುಲ್ತಾನ್ ಅಗುಂಗ್ 1633ರಲ್ಲಿ ಇಸ್ಲಾಮೀ ಚಾಂದ್ರಮಾನ ತಿಂಗಳುಗಳನ್ನು ಜಾರಿಗೆ ತಂದ, ಆದರೆ ವರ್ಷದ ಎಣಿಕೆ ಹೊಸದಾಗಿ ಶುರುಮಾಡಲಿಲ್ಲ. ನಾವು ಶಾಲಿವಾಹನ ಶಕ ಎನ್ನುವ ಎಣಿಕೆಯಲ್ಲಿ ಆಗ 1555 ನಡೆಯುತ್ತಿತ್ತು, ಅಲ್ಲಿಂದಲೇ ಮುಂದುವರಿಸಿದ.

ಈ ಅರಮನೆಯನ್ನು ನಡೆಸುವವರು ಅಬ್ದಿ ದಾಲೆಮ್ ಎಂಬ ಸೇವಕವರ್ಗ. ಗಂಡಸರು ಕಡುನೀಲಿ ಗೆರೆಗಳ ಅಂಗಿ, ಬಾಟಿಕ್ ಪಂಚೆ, ತಲೆಗೆ ರುಮಾಲು ತೊಟ್ಟು ಬರಿಗಾಲಲ್ಲಿ ಮರಳ ಮೇಲೆ ಓಡಾಡುತ್ತಾರೆ. ಅರಮನೆಯಿಂದ ಬರುವ ಸಂಬಳ ಬದುಕಿಗೆ ಸಾಲುವಂಥದ್ದಲ್ಲ. ನಿವೃತ್ತ ಶಿಕ್ಷಕರು, ರೈತರು, ಸಣ್ಣ ವ್ಯಾಪಾರಿಗಳು ಸರದಿಯ ಮೇಲೆ ಬಂದು ಸೇವೆ ಸಲ್ಲಿಸಿ ಹೋಗುತ್ತಾರೆ. ಕಾರಣ ಕೇಳಿದರೆ ಆಶೀರ್ವಾದಕ್ಕೆ, ಮನಸ್ಸಿನ ನೆಮ್ಮದಿಗೆ ಎನ್ನುತ್ತಾರೆ. ಜಾವಾ ಭಾಷೆಯಲ್ಲಿ ಹಿರಿಯರೊಂದಿಗೆ ಒಂದು ಬಗೆ, ಕಿರಿಯರೊಂದಿಗೆ ಇನ್ನೊಂದು ಬಗೆ ಮಾತಾಡಬೇಕು. ಅರಮನೆಯ ಒಳಗೆ ಮಾತ್ರ ಸೇವಕನೂ ರಾಜಕುಮಾರನೂ ಒಂದೇ ಮಟ್ಟದಲ್ಲಿ ಆಡುವ ಬಾಗೊಂಗನ್ ಎಂಬ ಪ್ರತ್ಯೇಕ ಬಗೆ ಇದೆ.

ಬೆಳಗಿನ ಕೊನೆಯ ಹೊತ್ತಿಗೆ ಅಂಗಳದಲ್ಲಿದ್ದರೆ ಚಹಾದ ಮೆರವಣಿಗೆ ಕಾಣಸಿಗಬಹುದು. ಗೆಡೊಂಗ್ ಪತೆಹಾನ್ ಎಂಬ ಚಹಾಮನೆಯಲ್ಲಿ ಅರಮನೆಯದೇ ಬಾವಿಯ ನೀರು ಕಾಯಿಸಿ, ಹಿರಿಯ ಹೆಂಗಸರು ಚಹಾದ ಪಾತ್ರೆ ಹೊತ್ತು, ಮೇಲೊಂದು ಕೊಡೆ ಹಿಡಿಸಿಕೊಂಡು ಸುಲ್ತಾನರ ವಾಸದ ಕಡೆಗೆ ಸಾಲಾಗಿ ನಡೆಯುತ್ತಾರೆ. ಭುಜ ತೆರೆದ ಬಾಟಿಕ್ ಉಡುಗೆ, ಬರಿಗಾಲು, ಮಾತಿಲ್ಲ. ಇದು ಪ್ರವಾಸಿಗರಿಗಾಗಿ ಏರ್ಪಡಿಸಿದ ಪ್ರದರ್ಶನ ಅಲ್ಲ, ನಾವಿಲ್ಲದಿದ್ದರೂ ನಡೆಯುತ್ತದೆ. ಒಳ್ಳೆಯ ಮಾರ್ಗದರ್ಶಿ ಆಗ ಗುಂಪನ್ನು ಪಕ್ಕಕ್ಕೆ ಕರೆದು ದಾರಿ ಬಿಡಿಸುತ್ತಾರೆ. ಕ್ಯಾಮೆರಾ ಹಿಡಿದು ಅವರೆದುರು ಹಿಮ್ಮುಖವಾಗಿ ನಡೆಯುವವರನ್ನು ತಡೆಯುವ ಧೈರ್ಯವೂ ಮಾರ್ಗದರ್ಶಿಗೆ ಇರಬೇಕು. ದುಡ್ಡು ಕೊಟ್ಟವರಿಗೆ ಬೇಡ ಎನ್ನಬಲ್ಲವರನ್ನು ಆರಿಸಿಕೊಳ್ಳಿ ಎಂಬುದು ನನ್ನ ಸಲಹೆ.

ಜೀವಂತ ಅರಮನೆಗೆ ಜೀವಂತ ತಕರಾರುಗಳೂ ಇವೆ. ಈಗಿನ ಸುಲ್ತಾನ್ ಹತ್ತನೆಯ ಹಮೆಂಗ್ಕು ಬುವೊನೊ 1989ರಿಂದ ಸಿಂಹಾಸನದಲ್ಲಿದ್ದಾರೆ. 2012ರ ವಿಶೇಷ ಕಾನೂನಿನ ಪ್ರಕಾರ ಚುನಾವಣೆಯಿಲ್ಲದೆ ಪ್ರಾಂತ್ಯದ ಗವರ್ನರ್ ಕೂಡ ಅವರೇ. ಅವರಿಗೆ ಐವರು ಹೆಣ್ಣುಮಕ್ಕಳು. 2015ರಲ್ಲಿ ಹಿರಿಯ ಮಗಳಿಗೆ ಮಂಗ್ಕುಬುಮಿ ಎಂಬ ಹೆಸರು ಕೊಟ್ಟಾಗ ಉತ್ತರಾಧಿಕಾರದ ಸೂಚನೆ ಎಂದೇ ಎಲ್ಲರೂ ತಿಳಿದರು, ಸುಲ್ತಾನರ ಸೋದರರು ವಿರೋಧಿಸಿದರು. ಈ ಮನೆತನಕ್ಕೆ ಇಂಡೊನೇಷ್ಯಾ ಗಣರಾಜ್ಯದಲ್ಲಿ ಇಷ್ಟು ಗೌರವ ಉಳಿಯಲು ಕಾರಣ ಅವರ ತಂದೆ ಒಂಬತ್ತನೆಯ ಹಮೆಂಗ್ಕು ಬುವೊನೊ. 1945ರಲ್ಲಿ ಅವರು ಡಚ್ಚರ ಪರ ನಿಲ್ಲದೆ ಹೊಸ ಗಣರಾಜ್ಯಕ್ಕೆ ಬೆಂಬಲ ಘೋಷಿಸಿದರು. 1946ರಲ್ಲಿ ರಾಜಧಾನಿಯೇ ಯೋಗ್ಯಕರ್ತಕ್ಕೆ ಬಂತು. ಗಜಮದ ವಿಶ್ವವಿದ್ಯಾಲಯದ ಆರಂಭದ ತರಗತಿಗಳು ಅರಮನೆಯ ಮುಂಭಾಗದ ಮಂಟಪಗಳಲ್ಲೇ ನಡೆದವು.

ಇಷ್ಟೆಲ್ಲ ಉಳಿದಿರುವ ಅರಮನೆಯಲ್ಲಿ ಹಳೆಯ ಗ್ರಂಥಗಳು ಮಾತ್ರ ತೀರ ಕಡಿಮೆ. ಜಾವಾ ಬ್ರಿಟಿಷರ ಕೈಯಲ್ಲಿದ್ದ ಕೆಲವು ವರ್ಷಗಳಲ್ಲಿ, 1812ರ ಜೂನ್ 20ರ ಬೆಳಗಿನ ಜಾವ, ಸ್ಟ್ಯಾಮ್‌ಫರ್ಡ್ ರಾಫಲ್ಸ್‌ನ ಆಡಳಿತ ಅರಮನೆಯ ಮೇಲೆ ದಾಳಿ ಮಾಡಿಸಿತು. ಸೈನ್ಯದಲ್ಲಿ ಬಂಗಾಳದ ಸಿಪಾಯಿಗಳಿದ್ದರು, ಹಾಗಾಗಿ ಆ ಘಟನೆಗೆ ಊರಿನವರು ಇಟ್ಟ ಹೆಸರೇ ಗೆಗೆರ್ ಸೆಪೆಹಿ, ಸಿಪಾಯಿಗಳ ಗಲಭೆ. ಗಂಟೆಗಳಲ್ಲಿ ಕೋಟೆ ಬಿತ್ತು. ಎರಡನೆಯ ಹಮೆಂಗ್ಕು ಬುವೊನೊ ಸೆರೆಯಾಗಿ ಪೆನಾಂಗ್‌ಗೆ ಗಡಿಪಾರಾದ. ಖಜಾನೆಯ ಜೊತೆ ಗ್ರಂಥಭಂಡಾರವೂ ಲೂಟಿಯಾಯಿತು.

ದಾಳಿಯ ನಾಯಕ ರೊಲ್ಲೊ ಗಿಲೆಸ್ಪಿ. 1806ರಲ್ಲಿ ವೆಲ್ಲೂರಿನ ಸಿಪಾಯಿ ದಂಗೆ ಎದ್ದಾಗ ಆರ್ಕಾಟಿನಿಂದ ಕುದುರೆ ಓಡಿಸಿಕೊಂಡು ಬಂದು ಅದನ್ನು ಹೊಸಕಿದವನು ಈತನೇ. ಟಿಪ್ಪು ಸುಲ್ತಾನನ ಮಕ್ಕಳನ್ನು ಇಟ್ಟಿದ್ದ ಕೋಟೆ ಅದು. ಗ್ರಂಥಗಳನ್ನು ಹಂಚಿಕೊಂಡವರು ರಾಫಲ್ಸ್, ಯೋಗ್ಯಕರ್ತದ ರೆಸಿಡೆಂಟ್ ಜಾನ್ ಕ್ರಾಫರ್ಡ್ ಮತ್ತು ಕಾಲಿನ್ ಮೆಕೆಂಜಿ. ಹೌದು, ಶ್ರೀರಂಗಪಟ್ಟಣ ಬಿದ್ದ ಮೇಲೆ ಮೈಸೂರು ಸೀಮೆಯನ್ನು ಅಳೆದು, ಊರೂರಿನ ಕೈಫಿಯತ್ತು ಬರೆಸಿಕೊಂಡ ಅದೇ ಮೆಕೆಂಜಿ. ನಮ್ಮ ಹಳ್ಳಿಗಳ ಚರಿತ್ರೆಯನ್ನು ಉಳಿಸಿದವನೆಂದು ನಾವು ಕೃತಜ್ಞತೆಯಿಂದ ನೆನೆಯುವ ಮನುಷ್ಯ ಯೋಗ್ಯಕರ್ತದವರಿಗೆ ಲೂಟಿಯ ಪಾಲುದಾರ. ಎರಡೂ ಸತ್ಯ, ಒಂದನ್ನು ಹೇಳಿ ಇನ್ನೊಂದನ್ನು ಬಿಡಲಾಗದು. ಬ್ರಿಟಿಷ್ ಲೈಬ್ರರಿಯಲ್ಲಿದ್ದ ಯೋಗ್ಯಕರ್ತದ 75 ಹಸ್ತಪ್ರತಿಗಳ ಡಿಜಿಟಲ್ ಪ್ರತಿಗಳು 2019ರ ಮಾರ್ಚ್‌ನಲ್ಲಿ ಸುಲ್ತಾನರ ಕೈ ಸೇರಿದವು. ಮೂಲಗಳು ಲಂಡನ್ನಿನಲ್ಲೇ ಇವೆ. ಆ ದಾಳಿಯಲ್ಲಿ ನಾಶವಾದ ಕೋಟೆಯ ಈಶಾನ್ಯ ಮೂಲೆಯ ಬುರುಜನ್ನು ಇತ್ತೀಚಿನ ವರ್ಷಗಳಲ್ಲಷ್ಟೇ ಮತ್ತೆ ಕಟ್ಟಲಾಗಿದೆ.

ಅರಮನೆಯಿಂದ ನಡೆದು ಹೋಗುವಷ್ಟು ಹತ್ತಿರ ತಮನ್ ಸಾರಿ. 1758ರಿಂದ ಕಟ್ಟಿದ ಜಲವಿಹಾರ ಇದು, ಕೃತಕ ಸರೋವರದ ನಡುವೆ ದ್ವೀಪ, ಸ್ನಾನದ ಕೊಳಗಳು, ನೆಲದಡಿಯ ದಾರಿಗಳು. ಸರೋವರ ಬತ್ತಿದ ಮೇಲೆ ಅದರ ತಳದಲ್ಲೇ ಜನ ಮನೆ ಕಟ್ಟಿಕೊಂಡರು. ಈಗ ಪಾಳುಗೋಡೆಗಳ ನಡುವಿನ ಓಣಿಗಳಲ್ಲಿ ಬಾಟಿಕ್ ಚಿತ್ರಕಾರರು, ತಿಂಡಿ ಮಾರುವವರು, ಒಗೆದ ಬಟ್ಟೆ, ಸೈಕಲ್ಲು ಎಲ್ಲ ಇವೆ. ಹೆಚ್ಚಿನ ಗುಂಪುಗಳು ಕೊಳದ ಎದುರು ಫೋಟೊ ತೆಗೆದು ಹೊರಡುತ್ತವೆ. ಓಣಿಯೊಳಗೆ ಹೋದವರಿಗಷ್ಟೇ ಸುಮುರ್ ಗುಮುಲಿಂಗ್‌ನ ದುಂಡು ಕಟ್ಟಡ ಸಿಗುತ್ತದೆ. ಒಂದು ಕಾಲದಲ್ಲಿ ಪ್ರಾರ್ಥನೆಯ ಜಾಗ ಎನ್ನಲಾಗುವ ಆ ಕಟ್ಟಡದ ನಡುವೆ ಮೆಟ್ಟಿಲುಗಳು ಕೂಡುವ ಕಟ್ಟೆಯ ಮೇಲೆ ಬೆಳಕು ನೇರ ಇಳಿಯುತ್ತದೆ.

ಊರಿಗೆ ಪ್ರವಾಸಿಗರು ತರುವ ಹೊರೆ ಇಲ್ಲೆಲ್ಲೂ ನೇರವಾಗಿ ಕಾಣುವುದಿಲ್ಲ. ಹೋಟೆಲುಗಳು ಒಂದರ ಪಕ್ಕ ಒಂದು ಎದ್ದಾಗ 2014ರ ಸುಮಾರಿಗೆ ಕೆಲವು ಬಡಾವಣೆಗಳ ಬಾವಿಗಳು ಬತ್ತಿದವು, ನಿವಾಸಿಗಳು ಬೀದಿಗಿಳಿದರು, ಹೊಸ ಹೋಟೆಲುಗಳಿಗೆ ನಗರಾಡಳಿತ ತಾತ್ಕಾಲಿಕ ತಡೆ ಹಾಕಬೇಕಾಯಿತು. 2023ರ ಜುಲೈ ಕೊನೆಯಲ್ಲಿ ಪಿಯುಂಗಾನ್ ಕಸದ ಗುಡ್ಡ ತುಂಬಿ ಬಾಗಿಲು ಹಾಕಿತು, ಬೀದಿಗಳಲ್ಲಿ ಕಸ ರಾಶಿ ಬಿತ್ತು. ಎರಡು ತಿಂಗಳೊಳಗೆ ಯುನೆಸ್ಕೊ ಮಾನ್ಯತೆಯ ಸುದ್ದಿ ಬಂತು. ಬೊರೊಬುದುರ್‌ನಲ್ಲಿ ಸ್ತೂಪದ ಮೇಲೆ ಹತ್ತುವವರ ದಿನದ ಸಂಖ್ಯೆಗೆ ಮಿತಿ ಹಾಕಿ, ಕಲ್ಲು ಸವೆಯದಂತೆ ಹೆಣೆದ ಚಪ್ಪಲಿ ಕೊಡುತ್ತಾರೆ. ಸುತ್ತಲಿನ ಹಳ್ಳಿಯವರಿಗೆ ಅದನ್ನು ಹೆಣೆಯುವ ಕೆಲಸ. ಬಾಗಿಲಿರುವ ಜಾಗದಲ್ಲಿ ಇದು ಸಾಧ್ಯ. ಇಡೀ ಊರೇ ಸ್ಮಾರಕವಾದಾಗ ಟಿಕೆಟ್ ಕಿಟಕಿ ಎಲ್ಲಿಡುವುದು? ಪ್ಲೆಂಗ್ಕುಂಗ್ ಗಾಡಿಂಗ್ ಎಂಬ ದಕ್ಷಿಣದ ಕೋಟೆಬಾಗಿಲನ್ನೇ ನೋಡಿ. ಬದುಕಿರುವ ಸುಲ್ತಾನ ಅದರ ಕೆಳಗೆ ಹಾಯುವಂತಿಲ್ಲ, ತೀರಿಕೊಂಡ ಮೇಲೆ ಇಮೊಗಿರಿಗೆ ಆ ದಾರಿಯಲ್ಲೇ ಒಯ್ಯುತ್ತಾರೆ. ರಾಜನೇ ದಾಟದ ಬಾಗಿಲಲ್ಲಿ ದಿನವೂ ಸಾವಿರಾರು ವಾಹನ ನುಗ್ಗಿ ಗೋಡೆ ಬಿರುಕು ಬಿಟ್ಟಿತು. 2025ರ ಮಾರ್ಚ್‌ನಲ್ಲಿ ವಾಹನ ಸಂಚಾರ ನಿಲ್ಲಿಸಿದರು. ಸುತ್ತಿ ಹೋಗಬೇಕಾದವರು ಗೊಣಗಿದರು, ಆದರೂ ಆ ನಿರ್ಧಾರ ಸರಿಯೆಂದೇ ನನಗೆ ತೋರುತ್ತದೆ.

ಮಧ್ಯಾಹ್ನ ಇಮೊಗಿರಿ. ನಗರದಿಂದ ದಕ್ಷಿಣಕ್ಕೆ ಸ್ವಲ್ಪ ದೂರ, ಬೆಟ್ಟದ ಮೇಲೆ 1632ರಲ್ಲಿ ಸುಲ್ತಾನ್ ಅಗುಂಗ್ ಸಿದ್ಧಪಡಿಸಿಕೊಂಡ ಸಮಾಧಿಸ್ಥಳ. ನಾನೂರಕ್ಕೂ ಹೆಚ್ಚು ಮೆಟ್ಟಿಲು ಹತ್ತಬೇಕು. ಯೋಗ್ಯಕರ್ತ, ಸುರಕರ್ತ ಎರಡೂ ಮನೆಗಳ ಅರಸರು ಬದುಕಿನಲ್ಲಿ ಬೇರೆಯಾದರೂ ಇಲ್ಲಿ ಒಂದೇ ಬೆಟ್ಟದಲ್ಲಿ ಮಲಗಿದ್ದಾರೆ. ಒಳಗೆ ಹೋಗಲು ಜಾವಾ ಉಡುಗೆ ಕಡ್ಡಾಯ, ಬಾಡಿಗೆಗೆ ಸಿಗುತ್ತದೆ. ಬಾಗಿಲ ಮುಂದೆ ನಾಲ್ಕು ದೊಡ್ಡ ನೀರಿನ ಹಂಡೆಗಳಿವೆ. ಅಚೆ, ಪಾಲೆಂಬಾಂಗ್, ಸಯಾಮ್, ತುರ್ಕಿಯಿಂದ ಬಂದ ಉಡುಗೊರೆಗಳು ಎಂಬುದು ಐತಿಹ್ಯ. ವರ್ಷಕ್ಕೊಮ್ಮೆ ಸುರೊ ಮಾಸದಲ್ಲಿ ಅವನ್ನು ತೊಳೆದು ನೀರು ತುಂಬುವ ಶಾಸ್ತ್ರ ನಡೆಯುತ್ತದೆ. ಕೆಳಗಿಳಿದ ಮೇಲೆ ಲವಂಗ, ದಾಲ್ಚಿನ್ನಿ, ಜಾಯಿಕಾಯಿ ಗಿಡಗಳ ಎಲೆ, ಶುಂಠಿ, ಪತಂಗದ ಚಕ್ಕೆ ಹಾಕಿ ಕುದಿಸಿದ ಕೆಂಪು ಕಷಾಯ ವೆಡಾಂಗ್ ಉವುಹ್ ಕುಡಿಯದೆ ಹೊರಡಬೇಡಿ.

ಬೆಟ್ಟದ ಬುಡದ ಗಿರಿಲೊಯೊ ಹಳ್ಳಿಗೆ ದಿನದ ಉಳಿದ ಹೊತ್ತನ್ನೆಲ್ಲ ಕೊಡಬೇಕು. ಸಮಾಧಿಯ ಸೇವಕರ ಮನೆಗಳಲ್ಲಿ ಹೆಂಗಸರು ಅರಮನೆಗಾಗಿ ಬಾಟಿಕ್ ಬರೆಯುತ್ತಿದ್ದ ಪರಂಪರೆ ಇಲ್ಲಿದೆ. ಬಹಳ ಕಾಲ ಇವರು ಬಟ್ಟೆಯ ಮೇಲೆ ಮೇಣದ ಚಿತ್ರ ಮಾತ್ರ ಬಿಡಿಸಿ, ಅರ್ಧ ಮುಗಿದ ಬಟ್ಟೆಯನ್ನು ನಗರದ ವ್ಯಾಪಾರಿಗಳಿಗೆ ಕೂಲಿಯ ದರಕ್ಕೆ ಕೊಡುತ್ತಿದ್ದರು. ಬಣ್ಣ ಹಾಕಿ ಹೆಸರು ಮಾಡುತ್ತಿದ್ದವರು ಬೇರೆ. 2006ರ ಮೇ 27ರ ಭೂಕಂಪ ಈ ಪ್ರದೇಶದಲ್ಲಿ 5,700ಕ್ಕೂ ಹೆಚ್ಚು ಜನರನ್ನು ಬಲಿ ತೆಗೆದುಕೊಂಡಿತು. ಮನೆ ಕಳೆದುಕೊಂಡ ಗಿರಿಲೊಯೊದ ಹೆಂಗಸರಿಗೆ ನೆರವಿಗೆ ಬಂದ ಸಂಸ್ಥೆಗಳು ಬಣ್ಣ ಹಾಕುವುದನ್ನೂ ಮಾರುವುದನ್ನೂ ಕಲಿಸಿದವು. ಅವರು ಗುಂಪುಗಳಾಗಿ ಸೇರಿ ಸ್ವಂತ ಮಾರಾಟ ಮಳಿಗೆ ಕಟ್ಟಿಕೊಂಡರು. ಗಿರಿಲೊಯೊ ಇರುವ ವುಕಿರ್ಸಾರಿ ಗ್ರಾಮ 2024ರಲ್ಲಿ ವಿಶ್ವಸಂಸ್ಥೆಯ ಪ್ರವಾಸೋದ್ಯಮ ಸಂಸ್ಥೆಯ ಅತ್ಯುತ್ತಮ ಪ್ರವಾಸಿ ಗ್ರಾಮಗಳ ಪಟ್ಟಿಗೆ ಸೇರಿತು.

ಚಾವಡಿಯಲ್ಲಿ ಸಣ್ಣ ಒಲೆ, ಒಲೆಯ ಮೇಲೆ ಬಾಣಲೆ, ಬಾಣಲೆಯಲ್ಲಿ ಕರಗಿದ ಮೇಣ. ಸುತ್ತ ಮೂರ್ನಾಲ್ಕು ಹೆಂಗಸರು ಮಣೆಯ ಮೇಲೆ ಕೂತಿರುತ್ತಾರೆ. ಕೈಯಲ್ಲಿ ಚಂಟಿಂಗ್, ಬಿದಿರಿನ ಹಿಡಿಗೆ ಸಿಕ್ಕಿಸಿದ ತಾಮ್ರದ ಪುಟ್ಟ ಬಟ್ಟಲು, ಅದಕ್ಕೆ ಬಾಗಿದ ಸಣ್ಣ ಮೂತಿ. ಮೇಣ ಮೊಗೆದು, ಮೂತಿಗೆ ಒಮ್ಮೆ ಉಫ್ ಎಂದು ಊದಿ, ಎಡ ಅಂಗೈ ಆಸರೆಯ ಬಟ್ಟೆಯ ಮೇಲೆ ಗೆರೆ ಎಳೆಯುತ್ತಾರೆ. ಮೇಣ ತಣ್ಣಗಾದರೆ ಗೆರೆ ನಿಲ್ಲುವುದಿಲ್ಲ, ಹೆಚ್ಚು ಬಿಸಿಯಾದರೆ ಹರಡುತ್ತದೆ. ಒಂದು ಬದಿ ಮುಗಿದ ಮೇಲೆ ಬಟ್ಟೆ ತಿರುವಿ ಅದೇ ಚಿತ್ರವನ್ನು ಹಿಂಬದಿಯಲ್ಲೂ ಬಿಡಿಸುತ್ತಾರೆ. ಆಮೇಲೆ ಬಣ್ಣದ ನೀರಿನಲ್ಲಿ ಅದ್ದುವುದು, ಒಣಗಿಸುವುದು, ಕುದಿಯುವ ನೀರಿನಲ್ಲಿ ಮೇಣ ಬಿಡಿಸುವುದು, ಮತ್ತೊಂದು ಬಣ್ಣಕ್ಕೆ ಮತ್ತೆ ಮೇಣ. ಒಂದು ಬಟ್ಟೆಗೆ ವಾರಗಳು, ನುಣುಪಿನ ಕೆಲಸಕ್ಕೆ ತಿಂಗಳುಗಳು. ಕರವಸ್ತ್ರದಷ್ಟು ಬಟ್ಟೆಯ ಮೇಲೆ ಸಂದರ್ಶಕರಿಗೂ ಕಲಿಸುತ್ತಾರೆ. ಒಂದು ಹೂವಿನ ಎಸಳು ನೆಟ್ಟಗೆ ಬರುವಷ್ಟರಲ್ಲಿ ಗಂಟೆ ಕಳೆದಿರುತ್ತದೆ, ಬೆಲೆ ಹೆಚ್ಚಾಯಿತು ಎಂಬ ಮಾತು ಆಮೇಲೆ ಬಾಯಿಗೆ ಬರುವುದಿಲ್ಲ.

ಕತ್ತಿಯಲಗಿನಂತೆ ಓರೆಯಾಗಿ ಸಾಗುವ ಪರಂಗ್ ವಿನ್ಯಾಸ ಹಿಂದೆ ರಾಜಮನೆತನಕ್ಕೆ ಮಾತ್ರ ಮೀಸಲಾಗಿತ್ತು. ಹೊರಗೆ ಈಗ ಯಾರಾದರೂ ಉಡಬಹುದು, ಅರಮನೆಯ ಆವರಣದಲ್ಲಿ ಉಡದಿರುವುದು ಮರ್ಯಾದೆ. ನೋಡಲು ಹೋಗುವವರು ಬೆಳಿಗ್ಗೆ ಬಟ್ಟೆ ಆರಿಸುವಾಗಲೇ ಇದು ನೆನಪಿರಲಿ.

ಮಾಲಿಯೊಬೊರೊದ ಅಂಗಡಿಗಳಲ್ಲಿ ಬಾಟಿಕ್ ಹೆಸರಿನಲ್ಲಿ ಮಾರುವ ಅಗ್ಗದ ಬಟ್ಟೆಯಲ್ಲಿ ಬಹುಪಾಲು ಯಂತ್ರದಲ್ಲಿ ಅಚ್ಚು ಹಾಕಿದ್ದು, ಮೇಣ ಕಾಣದ್ದು. ಗುರುತಿಸುವುದು ಸುಲಭ. ಬಟ್ಟೆಯನ್ನು ತಿರುವಿ ನೋಡಿ. ಅಚ್ಚಿನದಾದರೆ ಹಿಂಬದಿ ಮಾಸಲು. ಕೈಯಲ್ಲಿ ಬರೆದದ್ದಾದರೆ ಎರಡೂ ಬದಿ ಒಂದೇ ಬಣ್ಣ, ಒಂದೇ ಗೆರೆ, ಆದರೆ ಯಾವ ಎರಡು ಹೂವೂ ತದ್ರೂಪ ಅಲ್ಲ. ಗಿರಿಲೊಯೊದ ಮಳಿಗೆಯಲ್ಲಿ ದೊಡ್ಡ ಬಟ್ಟೆಗೆ ದುಡ್ಡು ಸಾಲದಿದ್ದರೆ ಚಿಕ್ಕದೊಂದು ಕೊಳ್ಳಿ. ಬರೆದವರು ಅಲ್ಲೇ ಇದ್ದರೆ ಎಷ್ಟು ದಿನ ಹಿಡಿಯಿತು, ಯಾವ ತೊಗಟೆಯ ಬಣ್ಣ ಎಂದು ಕೇಳಿ. ಚೌಕಾಸಿ ಮಾತ್ರ ಬೇಡ.